ಏರಿ ಬರುವ ಕಾವೇರಿ, ಇಳಿದು ಹೋಗುವ ವೃಷಭಾವತಿ

ಕಾವೇರಿಯ ಕಥೆಯನ್ನು ನಾವು ಮೇಲಿನಿಂದ ಕೆಳಕ್ಕೆ ಓದಿ ಬೆಳೆದವರು. ತಲಕಾವೇರಿಯಲ್ಲಿ ಹುಟ್ಟು, ಪೂಂಪುಹಾರದಲ್ಲಿ ಕಡಲು. ಬೆಂಗಳೂರಿನ ಪಶ್ಚಿಮಕ್ಕಿರುವ ಹೆಗ್ಗನಹಳ್ಳಿಯಲ್ಲಿ ನಿಂತರೆ ಅದೇ ನದಿಗೆ ಇನ್ನೊಂದು ಚರಿತ್ರೆ ಕಾಣುತ್ತದೆ. ಇಲ್ಲಿಗೆ ಅದು ಏರಿ ಬರುತ್ತದೆ, ನಲ್ಲಿಯಲ್ಲಿ. ಇಳಿದು ಹೋಗುತ್ತದೆ, ಮೋರಿಯಲ್ಲಿ.

ಬೆಂಗಳೂರು ಮೊದಲು ನೆಚ್ಚಿಕೊಂಡ ನದಿ ಕಾವೇರಿಯಲ್ಲ, ಅದರ ಉಪನದಿ ಅರ್ಕಾವತಿ. ಊರಿನ ಕೆರೆ ಬಾವಿಗಳು ಸಾಲದಾದಾಗ, 1890ರ ದಶಕದಲ್ಲಿ ಹೆಸರಘಟ್ಟದ ನೀರು ಬಂತು. 1933ರಲ್ಲಿ ತಿಪ್ಪಗೊಂಡನಹಳ್ಳಿಯ ಚಾಮರಾಜಸಾಗರ ಜೊತೆಯಾಯಿತು. ಅದೂ ಸಾಲದೆ 1974ರಲ್ಲಿ ಕಾವೇರಿ ಮೊದಲ ಹಂತ ಶುರುವಾಯಿತು. ಮಳವಳ್ಳಿ ತಾಲ್ಲೂಕಿನ ತೊರೆಕಾಡನಹಳ್ಳಿಯಿಂದ ಸುಮಾರು ನೂರು ಕಿಲೋಮೀಟರ್ ದೂರ, ಐನೂರು ಮೀಟರ್ ಎತ್ತರಕ್ಕೆ ನೀರನ್ನು ಪಂಪುಗಳು ಎತ್ತಬೇಕು. ಅಂದು ದಿನಕ್ಕೆ 13.5 ಕೋಟಿ ಲೀಟರ್. 2024ರ ಅಕ್ಟೋಬರಿನಲ್ಲಿ ಉದ್ಘಾಟನೆಯಾದ ಐದನೇ ಹಂತವೊಂದರ ಸಾಮರ್ಥ್ಯವೇ 77.5 ಕೋಟಿ ಲೀಟರ್.

ಸಾಮಾನ್ಯವಾಗಿ ಈ ಚರಿತ್ರೆ ಇಲ್ಲಿಗೆ ಮುಗಿಯುತ್ತದೆ. ಆದರೆ ಬಂದ ನೀರು ಹೋಗಲೇಬೇಕಲ್ಲ! ಪೀಣ್ಯ, ಹೆಗ್ಗನಹಳ್ಳಿ, ಕಾಮಾಕ್ಷಿಪಾಳ್ಯದ ಕಡೆಯ ಕೊಳೆನೀರು ವೃಷಭಾವತಿಗೆ ಸೇರುತ್ತದೆ. ಹಿಂದೆ ಈ ಹೊಳೆಯ ದಡದಲ್ಲಿ ಗುಡಿಗಳೆದ್ದವು. ಮೈಸೂರು ರಸ್ತೆಯ ಗಾಳಿ ಆಂಜನೇಯನ ಗುಡಿ ಇಂದಿಗೂ ಇದೆ. ಆ ರಸ್ತೆಯಲ್ಲಿ ಓಡಾಡುವ ಎಷ್ಟೋ ಜನರಿಗೆ ವೃಷಭಾವತಿ ಈಗ ಮೂಗು ಮುಚ್ಚಿಕೊಂಡು ದಾಟುವ ರಾಜಕಾಲುವೆ. ಅದು ಕೆಂಗೇರಿ, ಬಿಡದಿ ದಾಟಿ ಬೈರಮಂಗಲ ಕೆರೆಯನ್ನು ತುಂಬುತ್ತದೆ. ಅಲ್ಲಿಯ ರೈತರು ನೊರೆಯೆದ್ದ ಆ ನೀರನ್ನೇ ಹೊಲಕ್ಕೆ ಹಾಯಿಸಿದ್ದಾರೆ. ಮುಂದೆ ಅದು ಅರ್ಕಾವತಿಗೆ, ಅರ್ಕಾವತಿ ಸಂಗಮದಲ್ಲಿ ಕಾವೇರಿಗೆ. ನಗರಕ್ಕೆ ಒಮ್ಮೆ ಕುಡಿಯಲು ಕೊಟ್ಟ ಹೊಳೆಯೇ ನಗರದ ಕೊಳೆಯನ್ನು ಹೊತ್ತು ಕಾವೇರಿಗೆ ಒಪ್ಪಿಸುತ್ತಿದೆ.

ಕೆರೆಯ ನೀರು ಕುಡಿಯುವವರು ಕೆರೆಯನ್ನು ಕಾಯಬೇಕಿತ್ತು. ಕೆಟ್ಟರೆ ಅವರ ಬಿಂದಿಗೆಯೇ ಕೆಡುತ್ತಿತ್ತು. ನೂರು ಕಿಲೋಮೀಟರ್ ಆಚೆಯಿಂದ ನೀರು ಬರತೊಡಗಿದ ಮೇಲೆ ಮನೆ ಪಕ್ಕದ ಹೊಳೆ ಸತ್ತರೂ ನಲ್ಲಿ ನಿಲ್ಲಲಿಲ್ಲ. ವೃಷಭಾವತಿ ಕೆಟ್ಟದ್ದಕ್ಕೆ ಕಾರ್ಖಾನೆಗಳನ್ನಷ್ಟೇ ದೂರಿದರೆ ಸಾಲದು, ಈ ಮರೆವಿನದೂ ಪಾಲಿದೆ. ಕಾವೇರಿ ಎಂದೊಡನೆ ನಮ್ಮ ಪಾಲು ಎಷ್ಟು ಎಂದು ಕೇಳುವ ನಾವು, ಬೈರಮಂಗಲದ ಪಾಲಿಗೆ ಏನು ಕಳಿಸುತ್ತಿದ್ದೇವೆ ಎಂದೂ ಕೇಳಿಕೊಳ್ಳಬೇಕು.