ಮೀಟ್‌ಲೋಫ್: ಮಾಂಸದೊಳಗೆ ಸೇರಿದ ರೊಟ್ಟಿಯ ಚರಿತ್ರೆ

ಅರಸರ ಪಟ್ಟಾಭಿಷೇಕಗಳೂ ಯುದ್ಧಗಳ ದಿನಾಂಕಗಳೂ ಗ್ರಂಥಗಳಲ್ಲಿ ಭದ್ರವಾಗಿವೆ. ಆದರೆ ಆ ಯುದ್ಧಗಳು ನಡೆಯುತ್ತಿದ್ದಾಗ ಮನೆಯ ಒಲೆಯ ಮೇಲೆ ಏನು ಬೇಯುತ್ತಿತ್ತು, ಅದನ್ನು ಬೇಯಿಸುತ್ತಿದ್ದವಳು ಮನೆಮಂದಿಗೆಲ್ಲ ಅದನ್ನು ಸಾಲುವಂತೆ ಮಾಡಿದ್ದು ಹೇಗೆ ಎಂಬುದನ್ನು ಬರೆದಿಟ್ಟವರು ವಿರಳ. ಅಂತಹ ಅಲಕ್ಷಿತ ವಿಷಯಗಳಲ್ಲಿ ಒಂದಾದ, ಅಮೆರಿಕದ ಮನೆ ಊಟದ ಹೆಗ್ಗುರುತೆನಿಸಿದ ಮೀಟ್‌ಲೋಫ್ ಎಂಬ ಭಕ್ಷ್ಯದ ಪೂರ್ವೋತ್ತರಗಳನ್ನು ವಾಚಕರ ಮುಂದಿಡುವುದು ಈ ಲೇಖನದ ಉದ್ದೇಶ.

ಲೋಫ್ ಎಂದರೆ ಬೇಕರಿಯವರು ಅಚ್ಚಿನಲ್ಲಿಟ್ಟು ಸುಡುವ ಇಡೀ ರೊಟ್ಟಿ. ನುಣ್ಣಗೆ ಕೊಚ್ಚಿದ ಮಾಂಸಕ್ಕೆ ಹಾಲಿನಲ್ಲಿ ನೆನೆಸಿದ ರೊಟ್ಟಿಯ ಚೂರು, ಮೊಟ್ಟೆ, ಈರುಳ್ಳಿ, ಉಪ್ಪು, ಮೆಣಸು ಇವನ್ನು ಸೇರಿಸಿ, ರೊಟ್ಟಿಯ ಆಕಾರಕ್ಕೇ ತಂದು, ಒಲೆಯೊಳಗಿಟ್ಟು ಬೇಯಿಸಿ, ಹೋಳುಮಾಡಿ ಬಡಿಸುವುದರಿಂದ ಇದಕ್ಕೆ ಮೀಟ್‌ಲೋಫ್ ಎಂಬ ಹೆಸರಾಯಿತು. ನಮ್ಮ ಕರಾವಳಿಯ ಮನೆಗಳಲ್ಲಿ ಹಬ್ಬಕ್ಕೆ ಮಾಡುವ ಮಾಂಸದ ಕಟ್ಲೆಟ್ಟನ್ನು ಬಲ್ಲವರಿಗೆ ಇದು ತೀರ ಅಪರಿಚಿತವೆನಿಸಲಾರದು. ಮೀಟ್‌ಲೋಫಿನಲ್ಲಿ ರೊಟ್ಟಿಯನ್ನು ಬೆರೆಸುವುದು ಬಡತನದ ಉಪಾಯವೆಂದೂ ಮಾಂಸವನ್ನು ಹೆಚ್ಚಿಸಿ ತೋರುವ ಕಣ್ಕಟ್ಟೆಂದೂ ಮೂಗುಮುರಿಯುವವರು ಎಲ್ಲ ಕಾಲದಲ್ಲಿಯೂ ಇದ್ದಾರೆ. ಚರಿತ್ರೆಯನ್ನು ನೋಡಿದರೆ ಸಂಗತಿ ಬೇರೆಯಾಗಿ ಕಾಣುತ್ತದೆ.

ಆಪಿಸಿಯುಸ್ ಎಂಬ ಹೆಸರಿನಲ್ಲಿ ಪ್ರಚಲಿತವಾಗಿರುವ ಪ್ರಾಚೀನ ರೋಮನರ ಪಾಕಗ್ರಂಥವು ಲತೀನ್ ಭಾಷೆಯದು. ಈಗಿರುವ ರೂಪದಲ್ಲಿ ಅದು ಕ್ರಿ.ಶ. 4–5ನೆಯ ಶತಮಾನದ ಸುಮಾರಿಗೆ ಸಂಕಲನಗೊಂಡಿತೆಂದು ವಿದ್ವಾಂಸರ ಅಭಿಪ್ರಾಯ. ಅದರ ಎರಡನೆಯ ಭಾಗವೆಲ್ಲ ಕೊಚ್ಚಿದ ಮಾಂಸಕ್ಕೇ ಮೀಸಲು. ಅಲ್ಲಿಯ ಒಂದು ಪಾಕವಿಧಾನ ಹೀಗಿದೆ: ಕೊಚ್ಚಿದ ಮಾಂಸವನ್ನು ದ್ರಾಕ್ಷಾರಸದಲ್ಲಿ ನೆನೆಸಿದ ಬಿಳಿಯ ರೊಟ್ಟಿಯ ತಿರುಳಿನೊಡನೆ ಅರೆಯಬೇಕು, ಮೆಣಸು, ಮೀನಿನ ರಸ, ಪೈನ್ ಮರದ ಬೀಜ ಸೇರಿಸಬೇಕು, ಉಂಡೆಕಟ್ಟಿ, ಪ್ರಾಣಿಯ ಹೊಟ್ಟೆಯೊಳಗಿನ ಬಲೆಯಂಥ ಕೊಬ್ಬಿನ ಪೊರೆಯಲ್ಲಿ ಸುತ್ತಿ ಬೇಯಿಸಬೇಕು. ಆ ಗ್ರಂಥವು ಬಡವರಿಗಾಗಿ ಬರೆದುದಲ್ಲ. ಅದರಲ್ಲಿ ನವಿಲಿನ ಮಾಂಸವೂ ಇದೆ, ದೂರದ ಭಾರತದಿಂದ ಹಡಗೇರಿ ಬಂದ ಮೆಣಸೂ ಪುಟಪುಟದಲ್ಲಿದೆ. ಅಂತಹ ಶ್ರೀಮಂತ ಭೋಜನದಲ್ಲಿಯೂ ಮಾಂಸದೊಡನೆ ನೆನೆದ ರೊಟ್ಟಿಯನ್ನು ಅರೆದಿದ್ದಾರೆಂದರೆ ಅದು ಮಾಂಸ ಸಾಲದೆಂದು ಮಾಡಿದ ಕೆಲಸವಾಗಿರಲಾರದು.

ಯೂರೋಪಿನ ನಾನಾ ದೇಶಗಳಲ್ಲಿ ಈ ಭಕ್ಷ್ಯದ ಸಂತತಿ ಹರಡಿದೆ. ಇಟಲಿಯವರ ಪೊಲ್ಪೆತ್ತೋನೆ, ಚೆಕ್ ಜನರ ಸೆಕಾನಾ, ಡೆನ್ಮಾರ್ಕಿನವರ ಫೊರ್ಲೋರನ್ ಹಾರೆ ಎಲ್ಲವೂ ಒಂದೇ ಮನೆತನದವು. ಜರ್ಮನರು ಇದನ್ನು ಹಾಕ್‌ಬ್ರಾಟನ್ ಎನ್ನುವರು. ಅವರಲ್ಲಿಯೇ ಇನ್ನೊಂದು ಹೆಸರು ‘ಸುಳ್ಳು ಮೊಲ’. ಮೊಲದ ಬೆನ್ನಿನಂತೆ ನೀಳವಾಗಿ ತಟ್ಟಿದ ಮಾಂಸದ ಮುದ್ದೆಯ ನಡುವೆ ಬೇಯಿಸಿದ ಮೊಟ್ಟೆಗಳನ್ನು ಸಾಲಾಗಿ ಹುದುಗಿಸಿ ಸುಡುವರು. ಕೊಯ್ದಾಗ ಪ್ರತಿ ಹೋಳಿನಲ್ಲಿಯೂ ಹಳದಿ ಬಿಳಿಯ ಚಕ್ರವೊಂದು ಕಾಣಿಸುತ್ತದೆ. ಬೇಟೆಯ ಮೊಲ ದೊರೆಯದ ಮನೆಯಲ್ಲಿಯೂ ಭಾನುವಾರದ ಮೇಜಿನ ಮೇಲೆ ಮೊಲವೊಂದು ಕುಳಿತಿರಲೆಂಬ ಆಸೆ ಆ ಹೆಸರಿನಲ್ಲಿಯೇ ಇದೆ. ಹಾಸ್ಯದೊಡನೆ ಸ್ವಲ್ಪ ನೋವನ್ನೂ ಬೆರೆಸಿಕೊಂಡ ಹೆಸರದು.

ಜರ್ಮನರು ಅಟ್ಲಾಂಟಿಕ್ ಸಾಗರವನ್ನು ದಾಟಿ ಅಮೆರಿಕಕ್ಕೆ ಹೋದಾಗ ಪಾಕಕ್ರಮವೂ ಅವರೊಡನೆ ಹೋಯಿತು. ಪೆನ್ಸಿಲ್ವೇನಿಯದಲ್ಲಿ ನೆಲಸಿದ ಜರ್ಮನ್ ಒಕ್ಕಲಿಗರು ಹಂದಿಯ ಚೂರುಪಾರು ಮಾಂಸವನ್ನು ಮೆಕ್ಕೆಜೋಳದ ಹಿಟ್ಟಿನೊಡನೆ ಗಂಜಿಯಾಗಿ ಕುದಿಸಿ, ಅಚ್ಚಿನಲ್ಲಿ ಹೆಪ್ಪುಗಟ್ಟಿಸಿ, ಹೋಳುಮಾಡಿ ಹುರಿದು ತಿನ್ನುತ್ತಿದ್ದ ಸ್ಕ್ರಾಪಲ್ ಎಂಬ ತಿನಿಸೇ ಮೀಟ್‌ಲೋಫಿನ ಮೂಲವೆಂದು ಹಲವರು ಬರೆದಿದ್ದಾರೆ. ನಮಗೆ ಇದು ಅಷ್ಟಾಗಿ ಒಪ್ಪಿಗೆಯಾಗದು. ಸ್ಕ್ರಾಪಲ್ ಕುದಿಸಿದ ಗಂಜಿ, ಮೀಟ್‌ಲೋಫ್ ಸುಟ್ಟ ಮಾಂಸ. ಒಂದನ್ನು ಇನ್ನೊಂದರ ದಾಯಾದಿ ಎನ್ನಬಹುದೇ ಹೊರತು ತಾಯಿ ಎನ್ನಲಾಗದು. 1882ರ ಒಂದೇ ವರ್ಷದಲ್ಲಿ ಸುಮಾರು ಎರಡೂವರೆ ಲಕ್ಷ ಜರ್ಮನರು ಅಮೆರಿಕದ ತೀರದಲ್ಲಿಳಿದರೆಂಬುದನ್ನು ಗಮನಿಸಿದರೆ ಹಾಕ್‌ಬ್ರಾಟನ್ನಿನ ಪ್ರಭಾವವೇ ಹೆಚ್ಚೆಂದು ತೋರುತ್ತದೆ.

ಆದರೂ ಇದು ಮನೆಮನೆಯ ಊಟವಾಗಬೇಕಾದರೆ ಕೈದುಡಿಮೆ ಕಡಮೆಯಾಗಬೇಕಿತ್ತು. ಮಾಂಸವನ್ನು ಕತ್ತಿಯಿಂದ ನುಣ್ಣಗೆ ಕೊಚ್ಚುವುದು ಗಂಟೆಗಟ್ಟಲೆಯ ದುಡಿಮೆ. ಆಳುಕಾಳಿಲ್ಲದ ಗೃಹಿಣಿಗೆ ಅದು ಸಾಧ್ಯವಾಗುವುದೆಂತು? ಇದಕ್ಕೆ ಪರಿಹಾರವನ್ನು ಕಂಡವನು ಜರ್ಮನಿಯ ಕಾರ್ಲ್ ಡ್ರಾಯಿಸ್ ಎನ್ನುತ್ತಾರೆ. 1817ರಲ್ಲಿ ಬೈಸಿಕಲ್ಲಿನ ಪೂರ್ವಜವಾದ ಎರಡು ಚಕ್ರದ ಓಟದ ಗಾಡಿಯನ್ನು ನಿರ್ಮಿಸಿದ ಮಹಾಶಯನೂ ಈತನೇ. ಕೈಹಿಡಿಯನ್ನು ತಿರುಗಿಸಿದರೆ ಮಾಂಸವನ್ನು ಅರೆದು ಹೊರದೂಡುವ ಯಂತ್ರವೊಂದು ಆತನ ಹೆಸರಿಗೆ ಸೇರಿದೆ. 1851ರಲ್ಲಿ ಆತನು ಬಡತನದಲ್ಲಿ ತೀರಿಕೊಂಡನು. ಮೂರು ದಶಕಗಳ ತರುವಾಯ ಎರಕದ ಕಬ್ಬಿಣದ ಅಂತಹ ಯಂತ್ರಗಳು ಫಿಲಡೆಲ್ಫಿಯದ ಕಾರ್ಖಾನೆಗಳಿಂದ ಹೊರಬಿದ್ದು ಸಾಮಾನ್ಯರ ಮೇಜಿನ ಅಂಚಿಗೆ ತಿರುಪಿನಿಂದ ಬಿಗಿಗೊಂಡವು. ಅತ್ತ ಷಿಕಾಗೊ ನಗರದಲ್ಲಿ 1865ರ ಕ್ರಿಸ್ಮಸ್ ದಿನದಂದೇ ಯೂನಿಯನ್ ಸ್ಟಾಕ್ ಯಾರ್ಡ್ಸ್ ಎಂಬ ಬೃಹತ್ ದನದ ಮಾರುಕಟ್ಟೆ ತೆರೆದಿತ್ತು. ಮಂಜುಗಡ್ಡೆ ತುಂಬಿದ ರೈಲುಡಬ್ಬಿಗಳಲ್ಲಿ ಮಾಂಸವು ದೂರದ ನಗರಗಳಿಗೆ ಸಾಗತೊಡಗಿತು. ಒಳ್ಳೆಯ ತುಂಡುಗಳು ಉಳ್ಳವರ ಪಾಲಾದರೆ, ಗಟ್ಟಿಯಾದ ಅಗ್ಗದ ತುಂಡುಗಳು ಕೂಲಿಕಾರರ ಪಾಲಾದವು. ಅರೆಯುವ ಯಂತ್ರವು ಆ ಗಟ್ಟಿ ತುಂಡನ್ನು ಮೆದುಮಾಡಿತು.

1896ರಲ್ಲಿ ಬಾಸ್ಟನ್ ಪಾಕಶಾಲೆಯ ಮುಖ್ಯಸ್ಥೆ ಫ್ಯಾನಿ ಫಾರ್ಮರ್ ತಮ್ಮ ಪಾಕಗ್ರಂಥವನ್ನು ಪ್ರಕಟಿಸಿದರು. ಎಳೆಯ ಹರೆಯದಲ್ಲಿಯೇ ಪಾರ್ಶ್ವವಾಯು ತಗುಲಿ ಕುಂಟುತ್ತ ನಡೆಯುವಂತಾಗಿದ್ದ ಈ ಮಹಿಳೆಯ ಪುಸ್ತಕದಲ್ಲಿ ಪ್ರಕಾಶಕರಿಗೆ ನಂಬಿಕೆಯಿರಲಿಲ್ಲ; ಮೊದಲ 3,000 ಪ್ರತಿಗಳ ವೆಚ್ಚವನ್ನು ಆಕೆಯೇ ಭರಿಸಬೇಕಾಯಿತು. ಒಂದು ಹಿಡಿ, ಒಂದು ಚಿಟಿಕೆ ಎನ್ನುವ ಅಂದಾಜನ್ನು ಬಿಟ್ಟು, ಸಮಮಟ್ಟಕ್ಕೆ ಸವರಿದ ಬಟ್ಟಲು ಮತ್ತು ಚಮಚಗಳ ಅಳತೆಯನ್ನು ಮನೆಮನೆಗೂ ಮುಟ್ಟಿಸಿದ್ದು ಆ ಪುಸ್ತಕವೇ. ಅದರಲ್ಲಿ ಎಳಗರುವಿನ ಮಾಂಸದ ಲೋಫ್ ಒಂದಿದೆ: ಮೂರು ಪೌಂಡು ಮಾಂಸ, ಅರ್ಧ ಪೌಂಡು ಉಪ್ಪು ಹಾಕಿದ ಹಂದಿಯ ಕೊಬ್ಬು, ಪುಡಿಮಾಡಿದ ಆರು ಗಟ್ಟಿ ಬಿಸ್ಕತ್ತು, ನಾಲ್ಕು ಚಮಚ ಕೆನೆ, ಎರಡು ಚಮಚ ನಿಂಬೆರಸ, ಕೆಲವು ತೊಟ್ಟು ಈರುಳ್ಳಿರಸ. ಇವನ್ನು ರೊಟ್ಟಿಯ ಅಚ್ಚಿನಲ್ಲಿ ಒತ್ತಿ, ಮೂರು ಗಂಟೆ ಹದವಾಗಿ ಬೇಯಿಸಿ, ಆರಿದ ಮೇಲೆ ತೆಳ್ಳಗೆ ಕೊಯ್ಯಬೇಕು. ಇಲ್ಲಿ ರೊಟ್ಟಿಯ ಸ್ಥಾನವನ್ನು ಬಿಸ್ಕತ್ತೂ ದ್ರಾಕ್ಷಾರಸದ ಸ್ಥಾನವನ್ನು ಕೆನೆಯೂ ಆಕ್ರಮಿಸಿವೆಯೆಂಬುದನ್ನು ಬಿಟ್ಟರೆ ರೋಮನರ ಕ್ರಮಕ್ಕೂ ಇದಕ್ಕೂ ದೂರ ಬಹಳವಿಲ್ಲ.

1906ರಲ್ಲಿ ಅಪ್ಟನ್ ಸಿಂಕ್ಲೇರ್ ಅವರ ‘ದಿ ಜಂಗಲ್’ ಎಂಬ ಕಾದಂಬರಿ ಗ್ರಂಥರೂಪದಲ್ಲಿ ಹೊರಬಂದು ಷಿಕಾಗೊ ಕಸಾಯಿಖಾನೆಗಳ ಹೊಲಸನ್ನು ಬಯಲಿಗೆಳೆಯಿತು. ಅದೇ ವರ್ಷದ ಜೂನ್ 30ರಂದು ಮಾಂಸ ತಪಾಸಣೆಯ ಕಾನೂನಿಗೆ ಅಧ್ಯಕ್ಷ ಥಿಯೋಡೋರ್ ರೂಸ್‌ವೆಲ್ಟರ ಸಹಿ ಬಿತ್ತು. ಅಂಗಡಿಯಲ್ಲಿ ಅರೆದಿಟ್ಟ ಮಾಂಸದಲ್ಲಿ ಏನೇನು ಸೇರಿದೆಯೋ ಎಂದು ಶಂಕಿಸುವವರಿಗೆ, ತುಂಡನ್ನು ಕಣ್ಣೆದುರು ಕೊಂಡು ತಂದು ಸ್ವಂತ ಯಂತ್ರದಲ್ಲಿ ಅರೆದುಕೊಳ್ಳುವುದೇ ನೆಮ್ಮದಿಯ ದಾರಿಯಾಗಿತ್ತು.

ಇದರ ನಿಜವಾದ ಪರೀಕ್ಷೆ ನಡೆದದ್ದು 1929ರ ಆರ್ಥಿಕ ಕುಸಿತದ ತರುವಾಯ. 1933ರಲ್ಲಿ ಅಮೆರಿಕದ ದುಡಿಮೆಗಾರರಲ್ಲಿ ನಾಲ್ವರಿಗೆ ಒಬ್ಬರಂತೆ ನಿರುದ್ಯೋಗಿಗಳು. ಒಂದು ಪೌಂಡು ಮಾಂಸವನ್ನು ಹುರಿದಿಟ್ಟರೆ ಯಾರ ತಟ್ಟೆಗೆ ಎಷ್ಟು ತುಂಡು ಬಿತ್ತೆಂದು ಮಕ್ಕಳು ಎಣಿಸುತ್ತಾರೆ. ಅದೇ ಮಾಂಸಕ್ಕೆ ನಿನ್ನೆಯ ಒಣಗಿದ ರೊಟ್ಟಿ, ಓಟ್ಸ್, ತುರಿದ ಕ್ಯಾರೆಟ್, ಅನ್ನ ಏನಾದರೊಂದನ್ನು ಬೆರೆಸಿ ಲೋಫ್ ಮಾಡಿದರೆ ಎಲ್ಲರಿಗೂ ಒಂದೇ ದಪ್ಪದ ಹೋಳು ಸಿಗುತ್ತದೆ. ಕೊರತೆಯನ್ನು ಮಕ್ಕಳ ಕಣ್ಣಿಗೆ ಬೀಳದಂತೆ ಮುಚ್ಚಿದ ಈ ತಾಯಂದಿರ ಹೆಸರುಗಳು ಯಾವ ದಾಖಲೆಯಲ್ಲಿಯೂ ಇಲ್ಲ. ಡ್ರಾಯಿಸನ ಹೆಸರು ಉಳಿದಿದೆ, ಕಾರ್ಖಾನೆಗಳ ಹೆಸರು ಉಳಿದಿದೆ. ಇವರದು ಮಾತ್ರ ಪಾಕಚೀಟಿಗಳ ಅಂಚಿನಲ್ಲಿ ಪೆನ್ಸಿಲಿನಿಂದ ಬರೆದ ತಿದ್ದುಪಡಿಗಳಾಗಿ ಉಳಿಯಿತು.

ಎರಡನೆಯ ಮಹಾಯುದ್ಧದಲ್ಲಿ 1943ರ ಮಾರ್ಚ್ 29ರಿಂದ 1945ರ ನವೆಂಬರ್ 23ರವರೆಗೆ ಅಮೆರಿಕದಲ್ಲಿ ಮಾಂಸಕ್ಕೆ ಪಡಿತರವಿತ್ತು. ಕೆಂಪು ಚೀಟಿಗಳ ಮೇಲಿನ ಅಂಕಗಳಲ್ಲಿಯೇ ಬೆಣ್ಣೆ, ಗಿಣ್ಣುಗಳನ್ನೂ ಕೊಳ್ಳಬೇಕಾಗಿತ್ತು. ಅರೆದ ಮಾಂಸಕ್ಕೆ ಒಳ್ಳೆಯ ತುಂಡಿಗಿಂತ ಕಡಮೆ ಅಂಕ ಸಾಕಾಗುತ್ತಿದ್ದುದರಿಂದ ಮೀಟ್‌ಲೋಫ್ ಮತ್ತೆ ಮೇಜಿಗೆ ಬಂದಿತು. ಶುಕ್ರವಾರ ಮಾಂಸವರ್ಜನವನ್ನು ಪಾಲಿಸುತ್ತಿದ್ದ ಅಲ್ಲಿಯ ಕಥೋಲಿಕ ಮನೆಗಳಲ್ಲಿ ಅದೇ ಅಚ್ಚಿನಲ್ಲಿ, ಅದೇ ರೊಟ್ಟಿ ಮೊಟ್ಟೆಗಳೊಡನೆ, ಡಬ್ಬಿಯ ಸಾಮನ್ ಮೀನಿನ ಲೋಫ್ ಸಿದ್ಧವಾಗುತ್ತಿತ್ತು. 1966ರ ಫೆಬ್ರವರಿಯಲ್ಲಿ ಜಗದ್ಗುರು ಆರನೆಯ ಪೌಲರು ಪ್ರಾಯಶ್ಚಿತ್ತದ ನಿಯಮಗಳನ್ನು ಪರಿಷ್ಕರಿಸಿದರು. ಅದೇ ವರ್ಷದ ನವೆಂಬರಿನಲ್ಲಿ ಅಮೆರಿಕದ ಧರ್ಮಾಧ್ಯಕ್ಷರು ತಪಸ್ಸುಕಾಲದ ಹೊರಗಿನ ಶುಕ್ರವಾರಗಳ ಕಡ್ಡಾಯವನ್ನು ಸಡಿಲಿಸಿದರು. ಆ ಬಳಿಕವೂ ಮೀನಿನ ಲೋಫ್ ಅನೇಕ ಮನೆಗಳಲ್ಲಿ ಬಳಕೆಯಲ್ಲಿ ಉಳಿಯಿತು.

ಇನ್ನು ರೊಟ್ಟಿಯ ಗುಣದ ವಿಚಾರ. ಮಾಂಸವು ಕಾದಂತೆಲ್ಲ ಅದರ ಸಸಾರಜನಕದ ಎಳೆಗಳು ಕುಗ್ಗಿ ಒಂದನ್ನೊಂದು ಬಿಗಿದುಕೊಂಡು ಒಳಗಿನ ರಸವನ್ನು ಹಿಂಡಿ ಹೊರಹಾಕುತ್ತವೆ. ರೊಟ್ಟಿ ಬೆರೆಸದ ಲೋಫ್ ಆದ್ದರಿಂದಲೇ ಬಿರುಸಾಗಿ ಒಣಗುತ್ತದೆ. ಹಾಲುಂಡ ರೊಟ್ಟಿಯ ಪಿಷ್ಟವಾದರೋ ಆ ಎಳೆಗಳ ನಡುವೆ ಸೇರಿ ಅವು ಬಿಗಿಯುವುದನ್ನು ತಡೆಯುತ್ತದೆ. ಹೊರಬಂದ ರಸವನ್ನು ತಾನೇ ಹೀರಿ ಹಿಡಿದಿಡುತ್ತದೆ. ಮೊಟ್ಟೆಯು ಗಟ್ಟಿಯಾಗಿ ಎಲ್ಲವನ್ನೂ ಬೆಸೆಯುತ್ತದೆ. ರೋಮನ್ ಅಡುಗೆಯವನು ರುಚಿಗಾಗಿ ಮಾಡಿದ್ದನ್ನೇ ಬಡ ಗೃಹಿಣಿ ಅನಿವಾರ್ಯದಿಂದ ಮಾಡಿದಳು; ಆದ್ದರಿಂದ ಕೈ ತುಂಬ ಹಣವಿರುವವರೂ ರೊಟ್ಟಿಯನ್ನು ಬಿಡುವಂತಿಲ್ಲ.

ಮಾಡುವ ಕ್ರಮವನ್ನು ಹೇಳದಿದ್ದರೆ ವಾಚಕರು ಕ್ಷಮಿಸಲಾರರು. ಮೃದುವಾದ ರೊಟ್ಟಿಯ ಚೂರು ಒಂದು ಬಟ್ಟಲನ್ನು ಅರ್ಧ ಬಟ್ಟಲು ಹಾಲಿನಲ್ಲಿ ಹತ್ತು ನಿಮಿಷ ನೆನೆಸಿ ಕಿವುಚಬೇಕು. ಎರಡು ಮೊಟ್ಟೆ, ಸಣ್ಣಗೆ ಹೆಚ್ಚಿ ಬಾಡಿಸಿ ಆರಿಸಿದ ಒಂದು ಈರುಳ್ಳಿ, ಒಂದೂವರೆ ಚಹಾ ಚಮಚ ಉಪ್ಪು, ಮೆಣಸಿನ ಪುಡಿ ಇವನ್ನು ಅದಕ್ಕೆ ಕೂಡಿಸಿದ ಮೇಲೆ, ಕಡೆಯಲ್ಲಿ ಸುಮಾರು 900 ಗ್ರಾಂ ಅರೆದ ಮಾಂಸವನ್ನು ಸೇರಿಸತಕ್ಕದ್ದು. ಮಾಂಸದಲ್ಲಿ ಐದನೆಯ ಒಂದು ಪಾಲಿನಷ್ಟು ಕೊಬ್ಬಿದ್ದರೆ ಉತ್ತಮ; ದನದ ಮಾಂಸದೊಡನೆ ಹಂದಿಯ ಮಾಂಸವನ್ನೂ ಬೆರೆಸುವ ವಾಡಿಕೆಯುಂಟು. ಇಲ್ಲಿಂದ ಮುಂದೆ ಕೈ ಹಗುರವಾಗಿರಲಿ. ಚಪಾತಿ ಹಿಟ್ಟಿನಂತೆ ನಾದಿದರೆ ಉಪ್ಪಿನ ಸಂಗಡ ಮಾಂಸವು ಅಂಟಾಗಿ, ಬೆಂದ ಮೇಲೆ ರಬ್ಬರಿನಂತೆ ಪುಟಿಯುವುದು. ಅಚ್ಚಿನಲ್ಲಿ ಇಲ್ಲವೆ ತಟ್ಟೆಯ ಮೇಲೆ ನೀಳವಾಗಿ ತಟ್ಟಿ 175 ಡಿಗ್ರಿ ಸೆಲ್ಸಿಯಸ್ ಶಾಖದಲ್ಲಿ ಒಂದು ಗಂಟೆಯಿಂದ ಒಂದೂಕಾಲು ಗಂಟೆ ಬೇಯಿಸಬೇಕು. ಇಡೀ ತುಂಡಿನಲ್ಲಿ ಹೊರಮೈಯ ಮೇಲೆ ಮಾತ್ರ ಇರುವ ಸೂಕ್ಷ್ಮಾಣುಗಳು ಅರೆದಾಗ ಒಳಗೆಲ್ಲ ಹರಡುವುದರಿಂದ ನಟ್ಟನಡುವೆ 71 ಡಿಗ್ರಿ ಮುಟ್ಟಲೇಬೇಕು. ಇಳಿಸಿದ ಹತ್ತು ಹದಿನೈದು ನಿಮಿಷ ಯಾರೂ ಕತ್ತಿ ಹಾಕಕೂಡದು.

ಬೇಯುವ ಕೊನೆಯ ಭಾಗದಲ್ಲಿ ಮೇಲೆ ಟೊಮೇಟೊ ಕೆಚಪ್ಪಿಗೆ ಸ್ವಲ್ಪ ಕಂದು ಸಕ್ಕರೆಯನ್ನೂ ವಿನೆಗರನ್ನೂ ಸೇರಿಸಿ ಸವರುವುದು ಪದ್ಧತಿ. ಪಿಟ್ಸ್‌ಬರ್ಗಿನ ಹೈನ್ಸ್ ಕಂಪನಿಯ ಟೊಮೇಟೊ ಕೆಚಪ್ 1876ರಿಂದ ಮಾರಾಟಕ್ಕೆ ಬಂದಿತು. ವಿನೋದವೆಂದರೆ ಕೆಚಪ್ ಎಂಬ ಪದವು ದಕ್ಷಿಣ ಚೀನದ ಕಡಲಂಚಿನವರ ಮೀನಿನ ರಸದ ಹೆಸರಿನಿಂದ ಹುಟ್ಟಿದ್ದೆಂದು ಬಲ್ಲವರ ಮತ. ರೋಮನರು ಒಳಗೆ ಸುರಿದ ಮೀನಿನ ರಸದ ನೆಂಟನೊಬ್ಬನು, ಮೀನನ್ನು ಬಿಟ್ಟು ಟೊಮೇಟೊ ವೇಷ ಧರಿಸಿ, ಅಮೆರಿಕದ ಲೋಫಿನ ಮೇಲೆ ಬಂದು ಕುಳಿತಂತಾಯಿತು. 1952ರಲ್ಲಿ ಲಿಪ್ಟನ್ ಕಂಪನಿಯ ಈರುಳ್ಳಿ ಸೂಪಿನ ಪುಡಿ ಬಂದ ಮೇಲೆ ಆ ಪೊಟ್ಟಣವನ್ನೇ ಮಾಂಸಕ್ಕೆ ಸುರಿಯುವ ಸುಲಭಮಾರ್ಗವೂ ರೂಢಿಗೆ ಬಂದಿತು. ಈರುಳ್ಳಿ ಹೆಚ್ಚಲು ಅಷ್ಟೊಂದು ಆಲಸ್ಯವೇಕೋ ತಿಳಿಯದು.

ಮೊದಲ ದಿನ ಬಿಸಿಬಿಸಿಯಾಗಿ, ಹಿಸುಕಿದ ಆಲೂಗೆಡ್ಡೆಯ ಜೊತೆಗೆ ಬಡಿಸುವರು. ಉಳಿದದ್ದು ರಾತ್ರಿಯೆಲ್ಲ ತಣ್ಣಗಿದ್ದು ಗಟ್ಟಿಯಾಗಿ, ಮುಂಜಾನೆ ಕತ್ತಿಗೆ ಅಂದವಾದ ಹೋಳಾಗಿ ಸಿಗುತ್ತದೆ. ಅದನ್ನು ಎರಡು ರೊಟ್ಟಿಯ ತುಂಡುಗಳ ನಡುವೆ ಇಟ್ಟು, ಸಾಸಿವೆ ಸವರಿ, ಕಾಗದದಲ್ಲಿ ಸುತ್ತಿ, ಕೆಲಸಕ್ಕೆ ಹೋಗುವವರ ಬುತ್ತಿಗೂ ಶಾಲೆಗೆ ಹೋಗುವ ಮಕ್ಕಳ ಚೀಲಕ್ಕೂ ಹಾಕುವರು. ಅನೇಕ ಅಮೆರಿಕನರು ಮೊದಲ ದಿನದ ಊಟಕ್ಕಿಂತ ಈ ಎರಡನೆಯ ದಿನದ ಬುತ್ತಿಯನ್ನೇ ಹೆಚ್ಚು ಮೆಚ್ಚುತ್ತಾರೆ.