ಅಂಕಪಟ್ಟಿಯ ಕೂಸುಗಳು

ಜಾತ್ರೆಯಲ್ಲಿ ಉತ್ತಮ ರಾಸಿಗೆ ಬಹುಮಾನ ಕೊಡುವುದನ್ನು ನೀವು ಕಂಡಿರಬಹುದು. ಹಲ್ಲು ನೋಡಿ, ಸುಳಿ ನೋಡಿ, ಮೈಕಟ್ಟನ್ನು ಪರೀಕ್ಷಿಸಿ ತೀರ್ಪು ನೀಡುತ್ತಾರೆ. ಆ ಸಾಲಿನಲ್ಲಿ ನಿಮ್ಮ ತೊಟ್ಟಿಲ ಕೂಸನ್ನು ಇರಿಸಿದರೆ ಹೇಗಿದ್ದೀತು? ನಗಬೇಡಿರಿ, ಅಮೆರಿಕದಲ್ಲಿ ಹೆಚ್ಚುಕಡಿಮೆ ಹಾಗೆಯೇ ನಡೆದದ್ದುಂಟು.

1855ರಲ್ಲಿ ಪಿ. ಟಿ. ಬಾರ್ನಮ್ ಎಂಬ ಪ್ರದರ್ಶನಕಾರನು ನ್ಯೂಯಾರ್ಕಿನ ತನ್ನ ಮ್ಯೂಸಿಯಮ್ಮಿನಲ್ಲಿ ಶಿಶುಗಳ ಸ್ಪರ್ಧೆಯನ್ನು ಏರ್ಪಡಿಸಿದನು. ಚೆಂದದ ಮಗುವಿಗೆ, ಅವಳಿಗಳಿಗೆ, ತ್ರಿವಳಿಗಳಿಗೆ, ಕೊನೆಗೆ ಅತಿ ದಪ್ಪನೆಯ ಮಗುವಿಗೂ ಬಹುಮಾನ! ತನ್ನ ಕೂಸೇ ಲೋಕಸುಂದರ ಎಂದು ನಂಬದ ತಾಯಿ ಎಲ್ಲಿದ್ದಾಳೆ? ಆ ನಂಬಿಕೆಯಿಂದ ಬಾರ್ನಮ್ಮನ ಗಲ್ಲಾಪೆಟ್ಟಿಗೆ ತುಂಬಿತು.

1911ರಲ್ಲಿ ಅಯೋವಾ ರಾಜ್ಯದ ಕೃಷಿಮೇಳದಲ್ಲಿ ಮೇರಿ ವಾಟ್ಸ್ ಎಂಬ ಮಹಿಳೆ ಇದಕ್ಕೆ ವಿಜ್ಞಾನದ ಉಡುಗೆ ತೊಡಿಸಿದರು. ಜಾನುವಾರುಗಳಿಗೆ ಅಂಕ ಕೊಡುವ ಮಾದರಿಯಲ್ಲಿಯೇ ವೈದ್ಯರು ಶಿಶುಗಳ ತೂಕ, ಎತ್ತರಗಳನ್ನು ಅಳೆದು ಅಂಕವಿತ್ತರು. ಉದ್ದೇಶವೇನೂ ಕೆಟ್ಟದ್ದಲ್ಲ. ಶಿಶುಮರಣ ಹೆಚ್ಚಿದ್ದ ಕಾಲವದು. ಹಂದಿ, ಹಸುಗಳಿಗೆ ದೊರೆಯುವ ಆರೈಕೆ ಮಕ್ಕಳಿಗೂ ದೊರೆಯಲೆಂಬುದು ಅವರ ಆಶಯ. 1913ರಿಂದ ಮಹಿಳಾ ಪತ್ರಿಕೆಯೊಂದು ಈ ಸ್ಪರ್ಧೆಗಳಿಗೆ ಬೆಂಬಲವಿತ್ತು ದೇಶದಾದ್ಯಂತ ಹರಡಿಸಿತು.

ಆದರೆ ಅಳತೆಗೋಲಿಗೆ ತೃಪ್ತಿಯೆಂಬುದಿಲ್ಲ. ಮಗುವನ್ನು ಮುಟ್ಟುವ ಮೊದಲೇ ವಂಶಕ್ಕೆ ಅರ್ಧದಷ್ಟು ಅಂಕ ಮೀಸಲಿಡಬೇಕೆಂದು ಚಾರ್ಲ್ಸ್ ಡಾವೆನ್‌ಪೋರ್ಟ್ ಎಂಬ ವಿಜ್ಞಾನಿ ವಾಟ್ಸ್ ಅವರಿಗೆ ಸಲಹೆಯಿತ್ತನು. 1920ರಲ್ಲಿ ಕಾನ್ಸಸ್ ರಾಜ್ಯದ ಟೊಪೀಕಾ ಮೇಳದಲ್ಲಿ ಇಡೀ ಕುಟುಂಬಗಳೇ ಪರೀಕ್ಷೆಗೆ ನಿಂತವು. ಅಜ್ಜ ಅಜ್ಜಿಯರ ರೋಗಗಳಿಗೂ ಲೆಕ್ಕ ಕೊಡಬೇಕಾಯಿತು! ‘ಯೋಗ್ಯ’ ಕುಟುಂಬವೆಂಬುದೊಂದಿದ್ದರೆ ‘ಅಯೋಗ್ಯ’ವೂ ಇರಲೇಬೇಕಲ್ಲವೇ? ಅದೇ ವಿಚಾರಧಾರೆಯ ಫಲವಾಗಿ, ‘ಅಯೋಗ್ಯ’ರೆಂದು ಗುರುತಿಸಿದವರಿಗೆ ಬಲವಂತದ ಸಂತಾನಹರಣ ಚಿಕಿತ್ಸೆ ಮಾಡುವ ಕಾನೂನುಗಳು ಬಂದವು, 1927ರಲ್ಲಿ ವರ್ಜೀನಿಯಾದ ಅಂಥ ಕಾನೂನನ್ನು ಆ ದೇಶದ ಸುಪ್ರೀಂ ಕೋರ್ಟು ಎತ್ತಿಹಿಡಿಯಿತು. ನಗೆ ಅಲ್ಲಿಗೆ ನಿಂತುಹೋಗುತ್ತದೆ.

ಕುಟುಂಬ ಸ್ಪರ್ಧೆಗಳಲ್ಲಿ ಗೆದ್ದವರಿಗೆ ಕೊಡುತ್ತಿದ್ದ ಪದಕದ ಮೇಲೆ ಕೆತ್ತಿದ್ದು 16ನೆಯ ಕೀರ್ತನೆಯಲ್ಲಿ ಬರುವ, ತನ್ನ ಸ್ವಾಸ್ಥ್ಯವು ಒಳ್ಳೆಯದೆಂಬ ಮಾತನ್ನು. ಕೀರ್ತನಕಾರನಾದರೋ ತನ್ನ ಪಾಲು ದೇವರೇ ಎಂದು ಹಿಗ್ಗಿದವನು. ಮೈಯ ತೂಕವನ್ನಾಗಲಿ ರಕ್ತದ ಹೆಮ್ಮೆಯನ್ನಾಗಲಿ ಅವನು ಹಾಡಲಿಲ್ಲ. ಪದಕ ಮಾಡಿಸಿದವರು ಹಿಂದಿನ ವಚನವನ್ನು ಓದಲಿಲ್ಲವೆಂದು ತೋರುತ್ತದೆ.

ಇಂದು ಮೇಳದ ತಕ್ಕಡಿಯಿಲ್ಲ. ಆದರೂ ಮಗು ನೂರಕ್ಕೆ ತೊಂಬತ್ತೆಂಟು ತಂದಾಗ, ‘ಇನ್ನೆರಡು ಎಲ್ಲಿ ಹೋಯಿತು? ಪಕ್ಕದ ಮನೆಯವನಿಗೆ ಎಷ್ಟು ಬಂತು?’ ಎಂಬ ಪ್ರಶ್ನೆ ನಮ್ಮ ನಾಲಗೆಯ ತುದಿಗೆ ಬರುತ್ತದೆ. ಅಂಕಪಟ್ಟಿಯನ್ನು ಅವಶ್ಯ ನೋಡಿರಿ. ಅದಕ್ಕೂ ಮೊದಲು ಅದನ್ನು ಹಿಡಿದು ನಿಂತಿರುವ ಮಗುವಿನ ಮುಖವನ್ನು ನೋಡಿರಿ.