ಕಾಲಿಗೆ ಬೆಲೆ ಕಟ್ಟುವ ಲೆಕ್ಕ

ರಸ್ತೆ ಅಪಘಾತದಲ್ಲಿ ಕಾಲು ಕಳೆದುಕೊಂಡವನಿಗೆ ಆ ಕಾಲನ್ನು ಯಾವ ನ್ಯಾಯಾಲಯವೂ ಮರಳಿ ಕೊಡಿಸಲಾರದು. ಕೊಡಿಸಬಹುದಾದದ್ದು ಹಣ ಮಾತ್ರ. ಎಷ್ಟು ಹಣ? ‘ನ್ಯಾಯವೆಂದು ತೋರುವಷ್ಟು’ ಎನ್ನುತ್ತದೆ ನಮ್ಮ ಮೋಟಾರು ವಾಹನ ಕಾಯಿದೆ. 1956ರ ತಿದ್ದುಪಡಿಯಲ್ಲಿ ಬಂದ ಈ ಮಾತು 1988ರ ಕಾಯಿದೆಯ 168ನೇ ಕಲಮಿನಲ್ಲೂ ಉಳಿದುಕೊಂಡಿತು. ಅದರ ಅರ್ಥ ಬಿಡಿಸಲು ನ್ಯಾಯಾಲಯಗಳಿಗೆ ಅರ್ಧ ಶತಮಾನವೇ ಹಿಡಿಯಿತು.

ಬ್ರಿಟಿಷರ ಕಾಲದಲ್ಲಿ ಇದ್ದದ್ದು 1855ರ ಮಾರಕ ಅಪಘಾತಗಳ ಕಾಯಿದೆ. ಅದು ಸತ್ತವರ ಹೆಂಡತಿ, ಮಕ್ಕಳು, ತಂದೆತಾಯಿಗಳಿಗೆ ಸಂಬಂಧಿಸಿದ್ದು. ಬದುಕುಳಿದ ಗಾಯಾಳು ಸಿವಿಲ್ ಕೋರ್ಟಿನಲ್ಲಿ ದಾವೆ ಹೂಡಬೇಕಿತ್ತು. ಕೇಳುವ ಮೊತ್ತ ಏರಿದಷ್ಟೂ ಕೋರ್ಟು ಶುಲ್ಕವೂ ಏರುತ್ತಿತ್ತು. ಗೆದ್ದರೂ ವಾಹನದ ಮಾಲೀಕನ ಬಳಿ ಹಣವಿರಬೇಕಲ್ಲ! 1939ರ ಕಾಯಿದೆ ಇದಕ್ಕಾಗಿಯೇ ವಿಮೆಯನ್ನು ಕಡ್ಡಾಯ ಮಾಡಿತು. ಆ ಅಧ್ಯಾಯ ಜಾರಿಗೆ ಬಂದದ್ದು ಮಾತ್ರ 1946ರಲ್ಲಿ. ಪರಿಹಾರಕ್ಕೆಂದೇ ಪ್ರತ್ಯೇಕ ನ್ಯಾಯಮಂಡಳಿಗಳು ಬಂದದ್ದು 1956ರ ತಿದ್ದುಪಡಿಯ ಫಲ.

ಆಗಲೂ ಚಾಲಕನ ಅಜಾಗರೂಕತೆಯನ್ನು ಗಾಯಾಳುವೇ ಸಾಬೀತು ಮಾಡಬೇಕಿತ್ತು. ಪ್ರಜ್ಞೆ ತಪ್ಪಿ ಬಿದ್ದವನು ಸಾಕ್ಷಿಯನ್ನು ಎಲ್ಲಿಂದ ತರಬೇಕು? 1982ರಲ್ಲಿ ತಪ್ಪು ಯಾರದೆಂದು ಕೇಳದೆಯೇ ಸತ್ತವರ ಕುಟುಂಬಕ್ಕೆ 15,000 ರೂಪಾಯಿ, ಶಾಶ್ವತವಾಗಿ ಅಂಗವಿಕಲರಾದವರಿಗೆ 7,500 ರೂಪಾಯಿ ಕೊಡುವ ನಿಯಮ ಬಂತು. ಮೊತ್ತ ಚಿಕ್ಕದಾದರೂ ತತ್ವ ದೊಡ್ಡದು.

ಇನ್ನು ಉಳಿದದ್ದು ಲೆಕ್ಕದ ತೊಡಕು. ವೈದ್ಯರು ಶೇಕಡಾ 60ರಷ್ಟು ಅಂಗವೈಕಲ್ಯವೆಂದು ಬರೆದುಕೊಟ್ಟರೆ ದುಡಿಮೆಯೂ ಶೇಕಡಾ 60ರಷ್ಟೇ ಹೋಯಿತೆಂದು ಹಲವು ನ್ಯಾಯಮಂಡಳಿಗಳು ಹಿಡಿಯುತ್ತಿದ್ದವು. ಇದನ್ನು ತಿದ್ದಿದ್ದು 2010ರ ಸುಪ್ರೀಂ ಕೋರ್ಟ್ ತೀರ್ಪು. ಬರೆದವರು, ಹಿಂದೆ ಕರ್ನಾಟಕ ಹೈಕೋರ್ಟಿನಲ್ಲಿದ್ದ ನ್ಯಾಯಮೂರ್ತಿ ಆರ್.ವಿ. ರವೀಂದ್ರನ್. ಅವರು ಕೊಟ್ಟ ಉದಾಹರಣೆ ಬಹಳ ಸರಳ: ಎಡಗೈ ಕತ್ತರಿಸಿಹೋದರೆ ಸರ್ಕಾರಿ ಗುಮಾಸ್ತ ಗುಮಾಸ್ತನಾಗಿಯೇ ಮುಂದುವರಿಯಬಹುದು, ಬಡಗಿಗೋ ಚಾಲಕನಿಗೋ ಹೋದದ್ದು ಹೆಚ್ಚುಕಡಿಮೆ ಇಡೀ ದುಡಿಮೆ. ಕೈ ಒಂದೇ, ನಷ್ಟ ಬೇರೆ. ಹಳ್ಳಿಯ ಯಾವ ಬಡಗಿಯನ್ನು ಕೇಳಿದ್ದರೂ ಹೇಳುತ್ತಿದ್ದ ಮಾತಿದು.

ಸಂಬಳದ ಚೀಟಿ ಇಲ್ಲದವರ ಆದಾಯದ ಪ್ರಶ್ನೆ ಇದಕ್ಕಿಂತ ಕಠಿಣ. ನಮ್ಮ ಬೀದಿಗಳಲ್ಲಿ ದುಡಿಯುವ ಬಹುಪಾಲು ಜನ ಇಂಥವರೇ. 1994ರಲ್ಲಿ ಕಾಯಿದೆಗೆ ಸೇರಿದ ಎರಡನೇ ಅನುಸೂಚಿ, ಗಳಿಕೆಯಿಲ್ಲದವರ ಆದಾಯ ವರ್ಷಕ್ಕೆ 15,000 ರೂಪಾಯಿ ಎಂದು ಊಹಿಸಿತು. 2018ರವರೆಗೆ ಆ ಅಂಕಿ ಅಲುಗಲಿಲ್ಲ. ಅಕ್ಕಿಯ ಬೆಲೆ ಅಷ್ಟು ಕಾಲ ಸುಮ್ಮನಿತ್ತೆ?

ಕರ್ನಾಟಕದಿಂದ ಹೋದ ಎರಡು ಪ್ರಕರಣಗಳು ಇಲ್ಲಿ ದಾರಿ ತೋರಿಸಿದವು. ತಿಂಗಳಿಗೆ 4,500 ರೂಪಾಯಿ ದುಡಿಯುತ್ತಿದ್ದೆ ಎಂದ ಕೂಲಿಯವನೊಬ್ಬನ ಮಾತನ್ನು ನ್ಯಾಯಮಂಡಳಿ ನಂಬದೆ 3,000ಕ್ಕೆ ಇಳಿಸಿತ್ತು. ಕೂಲಿಯವನು ದಾಖಲೆ ತರಲಾರ, ಕೇಳಿದ್ದೂ ಅತಿಯಲ್ಲ ಎಂದು 2011ರಲ್ಲಿ ಸುಪ್ರೀಂ ಕೋರ್ಟ್ 4,500ನ್ನೇ ಒಪ್ಪಿತು. ಎರಡನೆಯದು ಕಾಲು ಕಳೆದುಕೊಂಡ ತರಕಾರಿ ವ್ಯಾಪಾರಿಯ ಪ್ರಕರಣ. ಅಸಂಘಟಿತ ವಲಯದ ತರಕಾರಿ ಮಾರುವವನಿಂದ ಆದಾಯದ ಪುರಾವೆ ಕೇಳುವುದೇ ಸರಿಯಲ್ಲವೆಂದ ನ್ಯಾಯಾಲಯ, 2014ರಲ್ಲಿ ಅವನ ಆದಾಯವನ್ನು ತಿಂಗಳಿಗೆ 6,500 ರೂಪಾಯಿ ಎಂದೂ ದುಡಿಮೆಯ ನಷ್ಟವನ್ನು ಶೇಕಡಾ 85 ಎಂದೂ ನಿಗದಿ ಮಾಡಿತು. ಬುಟ್ಟಿ ಹೊತ್ತು, ಗಾಡಿ ತಳ್ಳಿ ಬದುಕುವವನಿಗೆ ಕಾಲೇ ಬಂಡವಾಳವಲ್ಲವೆ?

ಲೆಕ್ಕ ಹೀಗೆ ಹದಕ್ಕೆ ಬರುತ್ತಿದ್ದಂತೆ ಬಾಗಿಲು ಕಿರಿದಾಯಿತು. ಆರು ತಿಂಗಳೊಳಗೇ ಅರ್ಜಿ ಹಾಕಬೇಕೆಂಬ ಗಡುವನ್ನು ಸಂಸತ್ತು 1994ರಲ್ಲಿ ತೆಗೆದುಹಾಕಿತ್ತು. 2019ರ ತಿದ್ದುಪಡಿ ಅದನ್ನೇ ಮತ್ತೆ ತಂದಿತು. 2022ರ ಏಪ್ರಿಲ್ 1ರಿಂದ ಜಾರಿಯೂ ಆಯಿತು. ಅದನ್ನು ಪ್ರಶ್ನಿಸಿ ಸುಪ್ರೀಂ ಕೋರ್ಟಿಗೆ ಅರ್ಜಿಗಳು ಹೋದವು. ತೊಡೆಯ ಮೂಳೆ ಮುರಿದು ಒಂದರ ಮೇಲೊಂದು ಶಸ್ತ್ರಚಿಕಿತ್ಸೆಯಾದವನು ಆರು ತಿಂಗಳಿಗೆ ಇನ್ನೂ ಹಾಸಿಗೆಯಲ್ಲೇ ಇರಬಹುದು.